ಗಾಡಿ ಬಂತು, ತುಂಬಿಸುವುದು ಎಲ್ಲಿ?

ಸಂಪಿಗೆ ರಸ್ತೆಯ ಸುತ್ತಮುತ್ತ ಬಾಡಿಗೆಗೆ ಓಡುವ ಆಟೋದವರ ಮನೆಗಳಲ್ಲಿ ಹೊಸ ಗಾಡಿಯ ಮಾತು ಬಂದರೆ ಕಂತೆಷ್ಟು, ಮೈಲೇಜ್ ಎಷ್ಟು ಎಂದು ಕೇಳುತ್ತಾರೆ. ಅದಕ್ಕೆ ಇಂಧನ ಎಲ್ಲಿ ಸಿಗುತ್ತದೆಂದು ಕೇಳುವವರು ಕಡಿಮೆ.

ಬೆಂಗಳೂರಿಗೆ ಇದರ ಅನುಭವವಿದೆ. 2000ದ ದಶಕದಲ್ಲಿ ಆಟೋಗಳು ಪೆಟ್ರೋಲ್ ಬಿಟ್ಟು ಎಲ್‌ಪಿಜಿಗೆ ಬದಲಾದವು. ಖರ್ಚು ಇಳಿಯಿತು, ಆದರೆ ಗ್ಯಾಸ್ ಬಂಕ್‌ಗಳು ಸಾಕಾಗಲಿಲ್ಲ. ಸರದಿಯಲ್ಲಿ ನಿಂತಷ್ಟು ಹೊತ್ತು ದುಡಿಮೆ ನಷ್ಟ. ಕೆಲವರು ಅಡುಗೆ ಸಿಲಿಂಡರಿನಿಂದಲೇ ಕದ್ದುಮುಚ್ಚಿ ತುಂಬಿಸತೊಡಗಿದರು. ಬಂಕಿನ ಕೊರತೆ ಬೆಂಕಿಯ ಅಪಾಯವಾಗಿ ಮನೆಬಾಗಿಲಿಗೇ ಬಂತು.

ಈಗ ಹೈಡ್ರೋಜನ್ ಸುದ್ದಿ ಕೇಳುತ್ತಿದ್ದೇವೆ. ಮಲ್ಲೇಶ್ವರಕ್ಕೆ ಹತ್ತಿರವೇ ಇರುವ ಭಾರತೀಯ ವಿಜ್ಞಾನ ಸಂಸ್ಥೆಯವರು ಒಂದು ಕಿಲೋ ಸಸ್ಯತ್ಯಾಜ್ಯದಿಂದ 100 ಗ್ರಾಂ ಹೈಡ್ರೋಜನ್ ತೆಗೆಯುವ ವಿಧಾನವನ್ನು 2022ರಲ್ಲಿ ತಿಳಿಸಿದರು. ಆದರೆ ಈ ಹಗುರ ಅನಿಲವನ್ನು ಸುತ್ತಲಿನ ಗಾಳಿಯ ಒತ್ತಡದ ಸುಮಾರು 350ರಿಂದ 700 ಪಟ್ಟು ಅದುಮಿ ಟ್ಯಾಂಕಿಗೆ ತುಂಬಬೇಕು. ಅಂಥ ಬಂಕ್ ಬಲು ದುಬಾರಿ. ಗಾಡಿಗಳಿಲ್ಲದೆ ಬಂಕ್ ಹಾಕುವವರಿಲ್ಲ, ಬಂಕಿಲ್ಲದೆ ಗಾಡಿ ಕೊಳ್ಳುವವರಿಲ್ಲ.

ವಿದ್ಯುತ್ ಗಾಡಿಯ ದಾರಿ ಸುಲಭ. ಕರೆಂಟು ಮನೆಮನೆಗೂ ಬಂದಿದೆ. ಬೆಸ್ಕಾಂ 2018ರಿಂದ ನಗರದಲ್ಲಿ ಚಾರ್ಜಿಂಗ್ ಕೇಂದ್ರಗಳನ್ನು ತೆರೆಯುತ್ತಿದೆ. ಆದರೂ ಎರಡನೇ ಮಹಡಿಯ ಬಾಡಿಗೆ ಮನೆಯಿಂದ ಬೀದಿಯಲ್ಲಿ ನಿಂತ ಆಟೋಗೆ ವೈರ್ ಎಳೆಯಲಾದೀತೇ?

ಸಹೋದರಿಯರೇ, ಸಾಲದ ಕಾಗದಕ್ಕೆ ಸಹಿ ಹಾಕುವ ಮುನ್ನ ಮನೆಯವರನ್ನು ಕೇಳಿ: ರಾತ್ರಿ ಗಾಡಿ ಎಲ್ಲಿ ನಿಲ್ಲುತ್ತದೆ? ಅಲ್ಲಿ ಚಾರ್ಜ್ ಮಾಡಲು ಮಾಲೀಕರು ಒಪ್ಪಿದ್ದಾರೆಯೇ? ಹಗಲು ಚಾರ್ಜ್ ಮುಗಿದರೆ ಕೇಂದ್ರ ಎಷ್ಟು ದೂರ, ಅಲ್ಲಿ ಎಷ್ಟು ಹೊತ್ತು ಕಾಯಬೇಕು? ಉತ್ತರ ಸಿಗದಿದ್ದರೆ ಸ್ವಲ್ಪ ತಡೆಯುವುದೇ ಲೇಸು. ಗಾಡಿ ನಿಂತ ದಿನವೂ ಕಂತು ಕಟ್ಟಲೇಬೇಕು.