ಹಾಡೂ ಒಂದು ಕಾಯಕ



ಆಲೂರು ತಾಲ್ಲೂಕಿನ ಪಾಳ್ಯದ ಕಡೆಯ ಹಿರಿಯರೊಬ್ಬರು ಈ ಅಂಕಣಕ್ಕೆ ಪತ್ರ ಬರೆದಿದ್ದಾರೆ. ಅವರದು ಕಾಫಿ, ಮೆಣಸು, ಒಂದಿಷ್ಟು ಗದ್ದೆ ಇರುವ ಮನೆ. ಮಗ ಇಂಜಿನಿಯರಿಂಗ್ ಎರಡನೆಯ ವರ್ಷದಲ್ಲಿದ್ದಾನೆ. ತಾನೇ ಹಾಡು ಬರೆದು, ತಾನೇ ರಾಗ ಕೂಡಿಸಿ, ಗಿಟಾರು ಹಿಡಿದು ಸಭೆ ಸಮಾರಂಭಗಳಲ್ಲಿ ಹಾಡುತ್ತಾನೆ. ಈಗ ಓದು ಬಿಟ್ಟು ಬೆಂಗಳೂರಿಗೆ ಹೋಗುವೆನೆಂದು ಹಟ ಹಿಡಿದಿದ್ದಾನೆ. “ಅಯ್ಯನವರೇ, ಹಾಡಿಕೊಂಡು ತಿರುಗುವುದೂ ಒಂದು ಬದುಕೇ? ಇದು ನಮ್ಮ ಮನೆತನಕ್ಕೆ ಒಪ್ಪುವುದೇ?” ಎಂದು ಅವರು ಕೇಳುತ್ತಾರೆ. ಪ್ರಶ್ನೆ ಒಂದು ಮನೆಯದಾದರೂ ಇಂದು ಅನೇಕ ಮನೆಗಳಲ್ಲಿ ಇದೇ ಮಾತು ನಡೆದಿರುವುದರಿಂದ ಈ ತಿಂಗಳ ಅಂಕಣವನ್ನು ಇದಕ್ಕೇ ಮೀಸಲಿಡುತ್ತೇನೆ.

ಮೊದಲು ಮನೆತನದ ಮಾತು. ನಮ್ಮ ಪರಂಪರೆಯಲ್ಲಿ ಹಾಡು ಎಂದೂ ಕೀಳೆನಿಸಿದ್ದಿಲ್ಲ. ತ್ರಿಪುರಾಂತಕನ ಸನ್ನಿಧಿಯಲ್ಲಿ ಕಿನ್ನರಿ ನುಡಿಸಿದ ಬೊಮ್ಮಯ್ಯನವರಿಗೆ ಆ ವಾದ್ಯದ ಹೆಸರೇ ಬಿರುದಾಗಿ ನಿಂತಿತು. ತಾಳ ಛಂದಸ್ಸುಗಳ ಬಿಗುಮಾನ ತಮಗಿಲ್ಲ, ಒಲಿದಂತೆ ಹಾಡುವುದೇ ತಮ್ಮ ನಿಯಮ ಎಂಬ ಭಾವವನ್ನು ಬಸವಣ್ಣನವರು ವಚನವೊಂದರಲ್ಲಿ ತೋಡಿಕೊಂಡಿದ್ದಾರೆ. ಶರಣರು ಗದ್ಯದ ವಚನಗಳ ಜೊತೆಗೆ ಹಾಡಲೆಂದೇ ಸ್ವರವಚನಗಳನ್ನೂ ರಚಿಸಿದರು. ಮುಂದೆ ನಿಜಗುಣ ಶಿವಯೋಗಿಗಳು, ಮುಪ್ಪಿನ ಷಡಕ್ಷರಿಗಳು, ಸರ್ಪಭೂಷಣ ಶಿವಯೋಗಿಗಳು ತತ್ತ್ವವನ್ನು ಪದವಾಗಿಸಿ ಭಜನೆಯ ಮನೆಗಳಿಗೆ ಕೊಟ್ಟರು. ಆದುದರಿಂದ ಹಾಡು ಕಟ್ಟಿ ಹಾಡುವ ಹುಡುಗ ಮನೆತನದ ದಾರಿ ಬಿಟ್ಟನೆಂದು ಯಾರೂ ಕೊರಗಬೇಕಾಗಿಲ್ಲ. ಕೇಳಬೇಕಾದ ಪ್ರಶ್ನೆ ಬೇರೆ: ಅವನು ಅದನ್ನು ಕಾಯಕವಾಗಿ ಕೈಗೊಳ್ಳುವನೋ, ಕೇವಲ ಮೆರವಣಿಗೆಯಾಗಿ ಕಾಣುವನೋ?

ಇದಕ್ಕೆ ಉತ್ತರ ಹುಡುಕಲು ದೂರ ಹೋಗಬೇಕಾಗಿಲ್ಲ. ನಮ್ಮ ಹಾಸನ ಜಿಲ್ಲೆಯ ಚನ್ನರಾಯಪಟ್ಟಣದಲ್ಲಿಯೇ 1939ರ ಡಿಸೆಂಬರ್ 29ರಂದು ಸಿ. ಅಶ್ವಥ್ ಅವರು ಜನಿಸಿದರು. ಬೆಂಗಳೂರಿನ ನ್ಯಾಷನಲ್ ಕಾಲೇಜಿನಲ್ಲಿ ವಿಜ್ಞಾನ ಓದಿ ಪದವೀಧರರಾದರು. ಹಿಂದೂಸ್ತಾನಿ ಸಂಗೀತವನ್ನು ಗುರುಮುಖೇನ ಕಲಿತರು. ಜೀವನೋಪಾಯಕ್ಕೆಂದು ಬೆಂಗಳೂರಿನ ಐ.ಟಿ.ಐ. ಕಾರ್ಖಾನೆಯಲ್ಲಿ ಕೆಲಸಕ್ಕೆ ಸೇರಿ, ಎರಡು ದಶಕಗಳಿಗೂ ಮಿಕ್ಕಿ ಅಲ್ಲಿ ದುಡಿದರು. ದೂರವಾಣಿ ಯಂತ್ರಗಳನ್ನು ತಯಾರಿಸುವ ಕಾರ್ಖಾನೆಯ ನೌಕರಿ ಒಂದು ಕಡೆ, ನಾಟಕದ ತಾಲೀಮು, ಧ್ವನಿಮುದ್ರಣ, ಕಚೇರಿಗಳು ಇನ್ನೊಂದು ಕಡೆ. ಈ ಎರಡು ನೊಗಗಳನ್ನೂ ಅವರು ಏಕಕಾಲಕ್ಕೆ ಹೊತ್ತರು.

ಅವರು ಮೊದಲು ಬೆಳಗಿದ್ದು ರಂಗಭೂಮಿಯಲ್ಲಿ. ಮಾಸ್ತಿಯವರ ‘ಕಾಕನಕೋಟೆ’ಗೆ ಕೂಡಿಸಿದ ಸಂಗೀತ ಜನರ ನಾಲಗೆಯ ಮೇಲೆ ನಿಂತಿತು. ಆ ನಾಟಕ 1970ರ ದಶಕದಲ್ಲಿ ಚಲನಚಿತ್ರವಾದಾಗ ಅಶ್ವಥ್ ಚಿತ್ರರಂಗದಲ್ಲಿಯೂ ಕಾಲಿರಿಸಿದರು. ಎಲ್. ವೈದ್ಯನಾಥನ್ ಅವರ ಜೊತೆಗೂಡಿ ‘ಅಶ್ವಥ್–ವೈದಿ’ ಎಂಬ ಜೋಡಿ ಹೆಸರಿನಲ್ಲಿ ಕೆಲವು ಚಿತ್ರಗಳಿಗೆ ಸಂಗೀತ ನೀಡಿದರು. ಆದರೆ ಅವರ ನಿಜವಾದ ಕ್ಷೇತ್ರ ಭಾವಗೀತೆ. ಪಿ. ಕಾಳಿಂಗರಾಯರೂ ಮೈಸೂರು ಅನಂತಸ್ವಾಮಿಯವರೂ ಹದಗೊಳಿಸಿದ ಹೊಲದಲ್ಲಿ ಅಶ್ವಥ್ ತಮ್ಮದೇ ಬೆಳೆ ತೆಗೆದರು. ಬೇಂದ್ರೆ, ಕುವೆಂಪು, ಕೆ.ಎಸ್. ನರಸಿಂಹಸ್ವಾಮಿ, ಜಿ.ಎಸ್. ಶಿವರುದ್ರಪ್ಪ ಮುಂತಾದವರ ಕವಿತೆಗಳು ಪುಸ್ತಕದ ಪುಟದಿಂದ ಇಳಿದು ಅಡಿಗೆಮನೆಗೂ ಗದ್ದೆಯ ಬದುವಿಗೂ ಬಂದವು. ಕಾಣದ ಕಡಲಿಗಾಗಿ ಹಂಬಲಿಸುವ ಜಿ.ಎಸ್.ಎಸ್. ಅವರ ಕವಿತೆಯನ್ನು ಅಶ್ವಥ್ ಅವರ ಕಂಠದಲ್ಲಿ ಕೇಳಿದವರಿಗೆ, ಅದು ಅನುಭಾವದ ಹಾಡೋ ಭಾವಗೀತೆಯೋ ಎಂಬ ಭೇದವೇ ಅಳಿದುಹೋಗುತ್ತದೆ.

ಅವರ ಕಾಯಕದ ಶಿಖರವೆಂದರೆ ಶಿಶುನಾಳ ಶರೀಫರ ಪದಗಳು. ಇಮಾಮ್ ಸಾಹೇಬರ ಮಗನಾಗಿ 1819ರಲ್ಲಿ ಹುಟ್ಟಿದ ಶರೀಫರು ಕೆಲಕಾಲ ಶಾಲೆಯ ಉಪಾಧ್ಯಾಯರಾಗಿದ್ದು, ಬಳಿಕ ಕಳಸದ ಗೋವಿಂದಭಟ್ಟರ ಶಿಷ್ಯರಾದರು. ನವಲಗುಂದದ ನಾಗಲಿಂಗ ಯೋಗಿಗಳು, ಗರಗದ ಮಡಿವಾಳೇಶ್ವರರು ಅವರ ಸಮಕಾಲೀನರು. ತಾವೇ ಕಟ್ಟಿದ ಪದಗಳನ್ನು ತಾವೇ ಹಾಡುತ್ತ, ಸೋರುವ ಮಾಳಿಗೆ, ಕೋಳಿ, ಗುಡುಗುಡಿ ಮುಂತಾದ ದಿನಬಳಕೆಯ ವಸ್ತುಗಳಲ್ಲಿಯೇ ತತ್ತ್ವವನ್ನು ತೋರಿಸಿದರು. ಉತ್ತರ ಕರ್ನಾಟಕದ ಭಜನಾ ಮೇಳಗಳು ಅವನ್ನು ಬಾಯಿಂದ ಬಾಯಿಗೆ ಉಳಿಸಿಕೊಂಡು ಬಂದವು. ಕವಿ ಎನ್.ಎಸ್. ಲಕ್ಷ್ಮೀನಾರಾಯಣ ಭಟ್ಟರ ಒಲುಮೆ, ಅಶ್ವಥ್ ಅವರ ಸ್ವರ, ಶಿವಮೊಗ್ಗ ಸುಬ್ಬಣ್ಣನವರ ಕಂಠ ಇವು ಕೂಡಿದಾಗ, ಕ್ಯಾಸೆಟ್ಟುಗಳ ಕಾಲದಲ್ಲಿ ಶರೀಫರು ನಮ್ಮ ಮಲೆನಾಡಿನ ಮನೆಮನೆಗೂ ಬಂದರು. 1990ರಲ್ಲಿ ಟಿ.ಎಸ್. ನಾಗಾಭರಣರ ‘ಸಂತ ಶಿಶುನಾಳ ಶರೀಫ’ ಚಿತ್ರಕ್ಕೂ ಅಶ್ವಥ್ ಅವರದೇ ಸಂಗೀತ. ರಾಷ್ಟ್ರೀಯ ಭಾವೈಕ್ಯಕ್ಕಾಗಿ ಕೊಡುವ ನರ್ಗೀಸ್ ದತ್ ಪ್ರಶಸ್ತಿ ಆ ಚಿತ್ರಕ್ಕೆ ಸಂದಿತು. ಇಂದಿನ ಗಿಟಾರಿನ ಹುಡುಗರೂ ಈ ಋಣದಿಂದ ಹೊರತಲ್ಲ. ಮೈಸೂರಿನಲ್ಲಿ ಬೆಳೆದ ರಘು ದೀಕ್ಷಿತರು ಹೊರದೇಶಗಳ ವೇದಿಕೆಗಳಲ್ಲಿ ಹಾಡಿದ್ದು ಇದೇ ಶರೀಫರ ಪದಗಳನ್ನು.

2005ರಲ್ಲಿ ಬೆಂಗಳೂರಿನ ಅರಮನೆ ಮೈದಾನದಲ್ಲಿ ‘ಕನ್ನಡವೇ ಸತ್ಯ’ ಎಂಬ ಕಾರ್ಯಕ್ರಮ ನಡೆಯಿತು. ಕವಿತೆ ಕೇಳುವುದಕ್ಕಾಗಿ ಜನಸಾಗರ ಸೇರಬಲ್ಲದೆಂಬುದನ್ನು ನಾಡು ಅಂದು ಕಂಡಿತು. ನಾಲ್ಕು ವರ್ಷಗಳ ನಂತರ, 2009ರ ಡಿಸೆಂಬರ್ 29ರಂದು, ತಮ್ಮ ಎಪ್ಪತ್ತನೆಯ ಹುಟ್ಟುಹಬ್ಬದ ದಿನವೇ ಅಶ್ವಥ್ ಅಸ್ತಂಗತರಾದರು. ಶರೀಫರೂ 1889ರಲ್ಲಿ, ಎಪ್ಪತ್ತು ತುಂಬಿದ ಜುಲೈ 3ರ ತಮ್ಮ ಜನ್ಮದಿನದಂದೇ ಬಯಲಾದರೆಂದು ಪರಂಪರೆ ಹೇಳುತ್ತದೆ. ಹಾಡಿದವನ ಆಯುಷ್ಯವೂ ಹಾಡು ಕಟ್ಟಿದವನ ಆಯುಷ್ಯವೂ ಹೀಗೆ ಒಂದೇ ಅಳತೆಯವಾದವು.

ಈ ಬದುಕಿನಿಂದ ನಮ್ಮ ಪಾಳ್ಯದ ಹುಡುಗನು ಕಲಿಯಬೇಕಾದುದು ಮೂರು.

ಮೊದಲನೆಯದು, ಅನ್ನದ ದಾರಿ. ಅಶ್ವಥ್ ನೌಕರಿಯನ್ನು ಸಂಗೀತದ ವೈರಿಯೆಂದು ಎಣಿಸಲಿಲ್ಲ. ತಿಂಗಳ ಸಂಬಳದ ಆಧಾರವಿದ್ದವನಿಗೆ ಒಲ್ಲದ ಹಾಡನ್ನು ಒಲ್ಲೆನೆನ್ನುವ ಧೈರ್ಯ ಇರುತ್ತದೆ. ಹಸಿದವನಿಗೆ ಆ ಸ್ವಾತಂತ್ರ್ಯವಿಲ್ಲ. ಉಳಿದಿರುವ ಎರಡು ವರ್ಷದ ಓದನ್ನು ಮುಗಿಸುವುದರಿಂದ ಅವನ ಹಾಡು ಬಡವಾಗುವುದಿಲ್ಲ.

ಎರಡನೆಯದು, ಮಾತಿನ ಗೌರವ. ಅಶ್ವಥ್ ಅವರ ಹಾಡಿನಲ್ಲಿ ವಾದ್ಯ ಎಷ್ಟೇ ಮೊಳಗಲಿ, ನುಡಿ ಮುಳುಗುವುದಿಲ್ಲ. ಕವಿಯ ಪದದ ಅರ್ಥ ಕೇಳುಗನ ಎದೆಗೆ ಮುಟ್ಟಬೇಕೆಂಬುದು ಅವರ ಹಾಡಿಕೆಯಲ್ಲಿಯೇ ಕೇಳಿಬರುತ್ತದೆ. ಸ್ವಂತ ಹಾಡು ಬರೆಯುವವನು ಹತ್ತು ಹಾಡು ಬರೆಯುವ ಮುನ್ನ ನೂರು ಒಳ್ಳೆಯ ಕವಿತೆ ಓದಲಿ. ವಚನಗಳನ್ನು ಓದಲಿ. ಕೆಲವೇ ಮಾತಿನಲ್ಲಿ ಒಂದು ಲೋಕವನ್ನು ನಿಲ್ಲಿಸುವ ವಿದ್ಯೆ ಅಲ್ಲಿರುವಷ್ಟು ಬೇರೆಲ್ಲಿಯೂ ಇಲ್ಲ. ಒಬ್ಬ ಗುರುವಿನ ಬಳಿ ಕುಳಿತು ಸ್ವರಜ್ಞಾನವನ್ನೂ ಪಡೆಯಲಿ.

ಮೂರನೆಯದು, ವ್ಯವಹಾರದ ಎಚ್ಚರ. ಕ್ಯಾಸೆಟ್ಟಿನ ಕಾಲ ಹೋಯಿತು, ಸಿ.ಡಿ.ಯ ಕಾಲವೂ ಹೋಯಿತು. ಈಗ ಹಾಡು ಮೊಬೈಲಿನಲ್ಲಿ ಹರಿಯುತ್ತದೆ. ಆದರೆ ಕರಾರುಪತ್ರ ಹೋಗಿಲ್ಲ. ಹಾಡು ಬರೆದವರೂ ಸ್ವರ ಹಾಕಿದವರೂ ಅಲ್ಪ ಹಣಕ್ಕೆ ಎಲ್ಲ ಹಕ್ಕನ್ನೂ ಬರೆದುಕೊಟ್ಟು ಬರಿಗೈಯಾದ ಉದಾಹರಣೆಗಳು ನಮ್ಮ ದೇಶದಲ್ಲಿ ಬಹಳ. 1957ರ ಹಕ್ಕುಸ್ವಾಮ್ಯ ಕಾಯಿದೆಗೆ 2012ರಲ್ಲಿ ತಿದ್ದುಪಡಿಯಾಯಿತು. ಚಲನಚಿತ್ರದ ಹಾಡು ಚಿತ್ರಮಂದಿರದ ಪ್ರದರ್ಶನದ ಹೊರಗೆ ಬಳಕೆಯಾದಾಗ ಬರುವ ಗೌರವಧನದಲ್ಲಿ ಸಾಹಿತ್ಯ ಬರೆದವನಿಗೂ ಸಂಗೀತ ಕೂಡಿಸಿದವನಿಗೂ ಪಾಲಿದೆ, ಆ ಪಾಲನ್ನು ಅವರಿಂದ ಬಿಡಿಸಿಕೊಳ್ಳುವ ಕರಾರು ಊರ್ಜಿತವಾಗದು ಎಂದು ಅದು ಹೇಳುತ್ತದೆ. ಸಹಿ ಹಾಕುವ ಮುನ್ನ ಬಲ್ಲ ವಕೀಲರಿಗೆ ತೋರಿಸಲಿ. ಕಾಯಕದ ಫಲವನ್ನು ಕೇಳಿ ಪಡೆಯುವುದು ದುರಾಸೆಯಲ್ಲ.

ಆದರೆ ಫಲ ಬಂದ ಮೇಲೆ ಏನು? ಇಲ್ಲಿಯೇ ಶರಣಧರ್ಮ ಲೋಕರೂಢಿಯಿಂದ ಬೇರೆಯಾಗುವುದು. ಕಾಯಕದ ಹಿಂದೆ ದಾಸೋಹ ಬಾರದಿದ್ದರೆ ಅದು ಬರಿಯ ಸಂಪಾದನೆ. ಗದುಗಿನ ವೀರೇಶ್ವರ ಪುಣ್ಯಾಶ್ರಮವನ್ನು ನೆನೆಯಿರಿ. ಕಣ್ಣಿಲ್ಲದ ಪಂಚಾಕ್ಷರ ಗವಾಯಿಗಳು ಹಾನಗಲ್ಲ ಕುಮಾರ ಶಿವಯೋಗಿಗಳ ಕೃಪೆಯಲ್ಲಿ ಸಂಗೀತ ಕಲಿತು, ಅಂಧರಿಗೂ ಅನಾಥರಿಗೂ ಅನ್ನವಿಟ್ಟು ಸ್ವರ ಕಲಿಸಿದರು. ಅವರ ಶಿಷ್ಯರಾದ ಪುಟ್ಟರಾಜ ಗವಾಯಿಗಳು ನಾಟಕ, ಪುರಾಣಗಳನ್ನು ತಾವೇ ರಚಿಸಿದರು, ತಾವೇ ಹಾಡಿದರು, ತಾವೇ ನುಡಿಸಿದರು. 2010ರಲ್ಲಿ ಲಿಂಗೈಕ್ಯರಾಗುವವರೆಗೂ ಗಳಿಸಿದ್ದನ್ನೆಲ್ಲ ಮಕ್ಕಳ ತಟ್ಟೆಗೇ ಬಡಿಸಿದರು. ಹಾಡುವವನ ಹಿರಿಮೆಯನ್ನು ಅವನ ಮುಂದೆ ಚಪ್ಪಾಳೆ ತಟ್ಟಿದ ಕೈಗಳಿಂದ ಎಣಿಸಬಹುದು. ಅವನಿಂದ ಕಲಿತ ಕಂಠಗಳಿಂದ ಎಣಿಸುವುದು ಅದಕ್ಕಿಂತ ಮೇಲು.

ತಂದೆತಾಯಿಗಳಿಗೂ ಒಂದು ಮಾತು. ಮಗನ ಹಾಡನ್ನು ನೆಂಟರೆದುರು ಹಳಿಯಲೂಬೇಡಿ, ಹೊಗಳಿ ಅಟ್ಟಕ್ಕೇರಿಸಲೂಬೇಡಿ. ಓದು ಮುಗಿದ ಮೇಲೆ ಎರಡು ವರ್ಷದ ಅವಧಿಯನ್ನು ಅವನಿಗೆ ಮನಃಪೂರ್ವಕ ಕೊಡಿ. ಆ ಎರಡು ವರ್ಷ ತೋಟದ ಲೆಕ್ಕ ಹೇಳಿ ಅವನನ್ನು ಚುಚ್ಚಬೇಡಿ. ಅಷ್ಟರಲ್ಲಿ ದಾರಿ ಕಾಣದಿದ್ದರೆ, ಕೈಯಲ್ಲಿ ಪದವಿ ಇದೆ, ಕಾಲ ಕೆಳಗೆ ನೆಲವೂ ಇದೆ. ಹಾಡು ಆಗಲೂ ಅವನ ಜೊತೆಗೇ ಉಳಿಯುತ್ತದೆ.

ಮಲೆಸೀಮೆಯ ಮಳೆಗಾಲದ ಸಂಜೆಗಳಲ್ಲಿ ಹಿಂದೆ ಹಿರಿಯರ ಬಾಯಲ್ಲಿ ತತ್ತ್ವಪದಗಳಿದ್ದವು. ಈಗ ಪ್ರತಿಯೊಬ್ಬರ ಕೈಯಲ್ಲಿ ಒಂದೊಂದು ಪರದೆ ಬೆಳಗುತ್ತದೆ, ಬಾಯಿ ಮಾತ್ರ ಮೌನ. ಲಿಂಗಪೂಜೆಯಾದ ಮೇಲೆ ಒಂದೇ ಒಂದು ವಚನವನ್ನು ಮನೆಯವರೆಲ್ಲ ಸೇರಿ ಹಾಡಿರಿ. ರಾಗ ಕೂಡಿಸುವ ಭಾರವನ್ನು ಆ ಗಿಟಾರಿನ ಹುಡುಗನಿಗೇ ಒಪ್ಪಿಸಿರಿ.