ಸೊಟ್ಟಗೆ ಕೂಡಿದ ಎಲುಬಿಗೆ ಯಾವ ಸಂಕೇತ?

ಅಮೆರಿಕದ ಆಸ್ಪತ್ರೆಗಳ ಕಾಗದಪತ್ರ ಓದಿ, ಒಂದೊಂದು ಕಾಯಿಲೆಗೂ ಗಾಯಕ್ಕೂ ಸಂಕೇತ ಸಂಖ್ಯೆ ಹಚ್ಚುವ ಕೆಲಸ ಬೆಂಗಳೂರು, ಚೆನ್ನೈ, ಹೈದರಾಬಾದುಗಳಲ್ಲಿ ಇಂದು ದೊಡ್ಡ ಉದ್ಯೋಗ. ಮೆಡಿಕಲ್ ಕೋಡಿಂಗ್ ಅಂತಾರೆ. ಸೋಜಿಗವೆಂದರೆ, ಅಲ್ಲಿನ ಮಗುವಿನ ಮುರಿದ ಕೈ ಸೊಟ್ಟಗೆ ಕೂಡಿಕೊಂಡಿತೆಂಬುದನ್ನು ಇಲ್ಲಿ ಕೂತವರು ಒಂದೇ ಅಕ್ಷರದಲ್ಲಿ ದಾಖಲಿಸುತ್ತಾರೆ. ನಮ್ಮ ಗಡಿನಾಡಿನ ಮಗುವಿನ ಚೀಟಿಯಲ್ಲಿ ಆ ಮಾತೇ ಇಲ್ಲದಿರುವುದುಂಟು.

ಮಕ್ಕಳ ಉದ್ದ ಎಲುಬುಗಳ ತುದಿಯ ಬಳಿ ಮೃದ್ವಸ್ಥಿಯ ಒಂದು ತೆಳು ಪದರ ಇರುತ್ತದೆ. ಇದೇ ಗ್ರೋತ್ ಪ್ಲೇಟ್. ಎಲುಬು ಉದ್ದವಾಗುವುದು ಇಲ್ಲಿಂದಲೇ. ತೊಡೆ ಎಲುಬಿನ ಬೆಳವಣಿಗೆಯಲ್ಲಿ ಸುಮಾರು ಶೇ. 70ರಷ್ಟು ಮೊಣಕಾಲ ಬಳಿಯ ಪದರದ್ದು. ಈ ಪದರದ ಮುರಿತಗಳನ್ನು ಟೊರಾಂಟೊದ ಸಾಲ್ಟರ್ ಮತ್ತು ಹ್ಯಾರಿಸ್ 1963ರಲ್ಲಿ ಐದು ಬಗೆಯಾಗಿ ವಿಂಗಡಿಸಿದರು. ಎರಡನೇ ಬಗೆಯೇ ಹೆಚ್ಚು. ಐದನೆಯದು ಮೋಸದ್ದು: ಪದರ ಜಜ್ಜಿಹೋಗಿದ್ದರೂ ಮೊದಲ ಎಕ್ಸ್‌ರೇಯಲ್ಲಿ ಕಾಣದೆ ಹೋಗಬಹುದು. ಪ್ಲಾಸ್ಟರ್ ಬಿಚ್ಚಿದರು, ಮುಗೀತು ಅನ್ನುವುದು ದೊಡ್ಡವರ ವಿಷಯದಲ್ಲಿ ನಡೆದೀತು, ಮಕ್ಕಳಲ್ಲಿ ಅಲ್ಲ.

ಅಮೆರಿಕ 2015ರ ಅಕ್ಟೋಬರ್ 1ರಿಂದ ಬಳಸುತ್ತಿರುವ ಐಸಿಡಿ-10-ಸಿಎಂ ಪಟ್ಟಿಯಲ್ಲಿ ಎಸ್59.221 ಎಂದರೆ ಬಲಗೈಯ ರೇಡಿಯಸ್ ಎಲುಬಿನ ಕೆಳತುದಿಯಲ್ಲಿ ಎರಡನೇ ಬಗೆಯ ಮುರಿತ. ಅದರ ಮುಂದೆ ಏಳನೆಯದಾಗಿ ಒಂದು ಅಕ್ಷರ. 'ಎ' ಎಂದರೆ ಹೊಸ ಗಾಯಕ್ಕೆ ಚಿಕಿತ್ಸೆ ನಡೆದಿದೆ. 'ಪಿ' ಎಂದರೆ ಸೊಟ್ಟಗೆ ಕೂಡಿದೆ. 'ಎಸ್' ಎಂದರೆ ಹಳೇ ಗಾಯದ ಉಳಿಕೆ ಪರಿಣಾಮ. ಗೊಂದಲ ಹುಟ್ಟುವುದು ಇಲ್ಲೇ. ಸೊಟ್ಟಗೆ ಕೂಡುವುದು ಬೇರೆ, ಬೆಳವಣಿಗೆ ನಿಂತುಹೋಗುವುದು ಬೇರೆ. ಚಿಕ್ಕ ಮಗುವಿನ ಅಲ್ಪಸ್ವಲ್ಪ ಸೊಟ್ಟ ಬೆಳೀತಾ ಬೆಳೀತಾ ನೆಟ್ಟಗಾಗುವುದುಂಟು. ಪದರದ ಒಂದು ಬದಿ ಮುಚ್ಚಿಕೊಂಡರೆ ಮಾತ್ರ ಮಗು ಬೆಳೆದಷ್ಟೂ ಕೈಕಾಲು ವಾಲುತ್ತದೆ. ಅದಕ್ಕೆ ಎಂ89.1 ಎಂಬ ಬೇರೆಯೇ ವರ್ಗವಿದೆ. ಮೊದಲು ಅದನ್ನು ಬರೆದು, ಆಮೇಲೆ ಮೂಲ ಗಾಯದ ಸಂಖ್ಯೆಗೆ 'ಎಸ್' ಸೇರಿಸಬೇಕು. ಎರಡನ್ನೂ ಒಂದೇ ಎಂದು ಬರೆದರೆ ಕೆಡುವುದು ಬರೀ ಬಿಲ್ಲಲ್ಲ, ಮುಂದಿನ ವೈದ್ಯರ ಅಂದಾಜು ಕೂಡ.

ನಮ್ಮಲ್ಲಿ ಸಂಖ್ಯೆಯೇ ಇಲ್ಲ ಅನ್ನುವ ಹಾಗಿಲ್ಲ. ವಿಶ್ವ ಆರೋಗ್ಯ ಸಂಸ್ಥೆಯ ಐಸಿಡಿ-10ರಲ್ಲಿ ಸೊಟ್ಟಗೆ ಕೂಡಿದ್ದಕ್ಕೆ ಎಂ84.0, ಬೆಳವಣಿಗೆ ನಿಂತದ್ದಕ್ಕೆ ಎಂ89.1 ಇವೆ. ಕೇಂದ್ರ ಸರ್ಕಾರದ 2016ರ ವಿದ್ಯುನ್ಮಾನ ಆರೋಗ್ಯ ದಾಖಲೆ ಮಾನದಂಡದಲ್ಲೂ ಐಸಿಡಿ-10 ಸೇರಿದೆ. ಆದರೆ ಆಯುಷ್ಮಾನ್ ಯೋಜನೆಯಲ್ಲಿ ಹಣ ಬರುವುದು ಚಿಕಿತ್ಸೆಯ ಪ್ಯಾಕೇಜಿನ ಲೆಕ್ಕದಲ್ಲಿ. ದುಡ್ಡಿಗೆ ಬೇಡವಾದ ವಿವರವನ್ನು ಬರೆಯುವ ಪುರುಸೊತ್ತು ಯಾರಿಗಿದೆ ಹೇಳಿ?

ಗಡಿಯಲ್ಲಿ ಇದು ಇನ್ನೂ ತೊಡಕು. ಕಾಸರಗೋಡಿನಲ್ಲಿ ಪ್ಲಾಸ್ಟರ್ ಹಾಕಿಸಿಕೊಂಡ ಮಗುವನ್ನು ಮುಂದೆ ತೋರಿಸುವುದು ಮಂಗಳೂರಿನಲ್ಲಿ ಎಂದಿಟ್ಟುಕೊಳ್ಳಿ. ಅಲ್ಲಿ ಕಾರುಣ್ಯ ಯೋಜನೆ, ಇಲ್ಲಿ ಆರೋಗ್ಯ ಕರ್ನಾಟಕ. 2020ರಲ್ಲಿ ತಲಪಾಡಿಯಲ್ಲಿ ದಾರಿಯನ್ನೇ ಮುಚ್ಚಿದಾಗ ರೋಗಿಗಳು ಪಟ್ಟ ಪಾಡು ಎಲ್ಲರಿಗೂ ನೆನಪಿದೆ. ದಾರಿ ತೆರೆಯಿತು, ಆದರೆ ಮೊದಲ ಎಕ್ಸ್‌ರೇ ಮೊದಲ ಆಸ್ಪತ್ರೆಯಲ್ಲೇ ಉಳಿದರೆ ಹೋಲಿಸಿ ನೋಡುವುದು ಯಾವುದನ್ನು? 'ಕೈ ಮುರಿತ, ಪ್ಲಾಸ್ಟರ್' ಎಂದಷ್ಟೇ ಇರುವ ಚೀಟಿಯಿಂದ ಪದರಕ್ಕೆ ಏಟು ಬಿದ್ದಿತ್ತೋ ಇಲ್ಲವೋ ತಿಳಿಯದು.

ಇದರಲ್ಲಿ ಕಾಲದ ಲೆಕ್ಕವೂ ಇದೆ. ಪದರಕ್ಕೆ ಅಡ್ಡ ಬೆಳೆದ ಎಲುಬಿನ ಸೇತುವೆಯನ್ನು ಶಸ್ತ್ರಚಿಕಿತ್ಸೆಯಿಂದ ತೆಗೆಯಬೇಕಾದರೆ ಅದು ಸಾಮಾನ್ಯವಾಗಿ ಪದರದ ಅರ್ಧಕ್ಕಿಂತ ಕಡಿಮೆ ಇರಬೇಕು, ಇನ್ನೂ ಎರಡು ವರ್ಷವಾದರೂ ಬೆಳವಣಿಗೆ ಬಾಕಿ ಇರಬೇಕು. ಹೆಣ್ಣುಮಕ್ಕಳಲ್ಲಿ ಸುಮಾರು 14, ಗಂಡುಮಕ್ಕಳಲ್ಲಿ 16ರ ಹೊತ್ತಿಗೆ ಕೈಕಾಲಿನ ಬೆಳವಣಿಗೆ ಹೆಚ್ಚುಕಡಿಮೆ ಮುಗಿದಿರುತ್ತದೆ. ಹನ್ನೊಂದಕ್ಕೆ ಬಿದ್ದ ಹುಡುಗಿಯ ಮೊಣಕಾಲು ಹದಿನಾಲ್ಕಕ್ಕೆ ವಾಲಿದ್ದು ಕಂಡರೆ ಆ ದಾರಿ ಮುಚ್ಚಿದ ಹಾಗೇ.

ಹಾಗಾಗಿ ಸರ್ಕಾರಗಳು ಎಚ್ಚರವಾಗುವ ತನಕ ತಂದೆತಾಯಿಗಳೇ ಕೇಳಿ ಬರೆಸಿಕೊಳ್ಳಬೇಕು: ಬಿದ್ದ ದಿನಾಂಕ, ಎಡವೋ ಬಲವೋ, ಪದರಕ್ಕೆ ಪೆಟ್ಟಾಗಿದೆಯೇ, ಆಗಿದ್ದರೆ ಎಷ್ಟನೇ ಬಗೆ. ಆರು ತಿಂಗಳಿಗೊಮ್ಮೆ, ವರ್ಷಕ್ಕೊಮ್ಮೆ ಮತ್ತೆ ಎಕ್ಸ್‌ರೇ ಬೇಕೇ ಎಂದೂ ಕೇಳಬೇಕು. ಫಿಲ್ಮನ್ನಂತೂ ಆಸ್ಪತ್ರೆಯಲ್ಲಿ ಬಿಟ್ಟು ಬರಬೇಡಿ.