ಎಣ್ಣೆ ನೋಡಿದವನ ಮಾತಿಗೂ ಬೆಲೆ ಬೇಕು



ಬಾಣಲೆಯ ಎಣ್ಣೆ ಕರ್ರಗಾಗಿ ನೊರೆ ಕಟ್ಟಿದರೆ ಅದು ಕೆಟ್ಟಿತೆಂದು ಹೋಟೆಲಿನವರಾದ ನಮಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಆ ಕಣ್ಣನ್ನೇ ನಂಬಿಕೊಂಡು ಕಳೆದ ಮೇ ತಿಂಗಳಲ್ಲಿ ನಾವು ಕಾಸಿಮೇಡಿನ ಮೀನು ಬಂದರಿಗೆ ಹೋದೆವು. ಏಪ್ರಿಲ್ 15ರಿಂದ ಜೂನ್ 14ರವರೆಗೆ 61 ದಿನ ಈ ಕರಾವಳಿಯಲ್ಲಿ ಯಂತ್ರದ ದೋಣಿಗಳು ಮೀನಿಗೆ ಹೋಗುವಂತಿಲ್ಲ. ಇಂಜಿನ್ ಬಿಚ್ಚಿ ದುರಸ್ತಿ ಮಾಡುವ ಕಾಲ ಅದೇ.

ಅಲ್ಲಿನ ಇಂಜಿನ್ ಕೆಲಸಗಾರರೊಬ್ಬರು ಕೀಲೆಣ್ಣೆಯ ಎರಡು ಸೀಸೆಗಳನ್ನು ನಮ್ಮ ಮುಂದಿಟ್ಟರು. ಒಂದರಲ್ಲಿ ಡಾಂಬರಿನಂಥ ಕಪ್ಪು ಎಣ್ಣೆ. ಇನ್ನೊಂದರಲ್ಲಿ ಹಾಲು ಬೆರೆಸಿದ ಕಾಫಿಯಂಥದು.

"ಯಾವುದು ಕೆಟ್ಟದ್ದು, ಹೇಳಿ?"

ನಾವು ಕಪ್ಪನ್ನು ತೋರಿಸಿದೆವು. ಅವರು ನಕ್ಕರು. ಡೀಸೆಲ್ ಇಂಜಿನ್ನಿನ ಎಣ್ಣೆ ಮಸಿಯನ್ನು ತನ್ನೊಳಗೆ ಹಿಡಿದಿಟ್ಟುಕೊಳ್ಳುವುದರಿಂದ ಬೇಗನೆ ಕಪ್ಪಾಗುತ್ತದೆ, ಅಷ್ಟರಿಂದಲೇ ಕೆಟ್ಟಿತೆನ್ನಲಾಗದು. ಹೆದರಬೇಕಾದದ್ದು ಕಾಫಿ ಬಣ್ಣಕ್ಕೆ. ಅದರಲ್ಲಿ ನೀರು ಸೇರಿದೆ. ಇಂಜಿನ್ ತಣಿಸುವ ಕಡಲ ನೀರೇ ಸೋರಿ ಬಂದಿರಬಹುದು. ನೀರು ಸೇರಿದ ಎಣ್ಣೆ ಬೇರಿಂಗನ್ನು ಕಾಯಲಾರದು. ನಡುಗಡಲಿನಲ್ಲಿ ಇಂಜಿನ್ ಕಚ್ಚಿಕೊಂಡು ನಿಂತರೆ ದೋಣಿಯಲ್ಲಿರುವವರ ಗತಿಯೇನು?

ಅವರ ಪರೀಕ್ಷೆ ಸರಳ. ಇಂಜಿನ್ ನಿಲ್ಲಿಸಿ, ಬಿಸಿ ಆರುವ ಮೊದಲೇ ಶುಚಿಯಾದ ಸೀಸೆಗೆ ಎಣ್ಣೆ ತೆಗೆದು ದಿನಾಂಕ ಬರೆಯುತ್ತಾರೆ. ಹೊಸ ಎಣ್ಣೆಯ ಪಕ್ಕದಲ್ಲಿಟ್ಟು ಬೆಳಕಿಗೆ ಹಿಡಿಯುತ್ತಾರೆ. ರಾತ್ರಿಯೆಲ್ಲಾ ಅಲುಗಿಸದೆ ಇಟ್ಟರೆ ಬೆರೆಯದ ನೀರು ತಳಕ್ಕೆ ಇಳಿಯುತ್ತದೆ. ತಳದಲ್ಲಿ ಹೊಳೆಯುವ ಪುಡಿ ಕಂಡರೆ ಒಳಗೆ ಲೋಹ ಸವೆಯುತ್ತಿದೆ; ಅಯಸ್ಕಾಂತಕ್ಕೆ ಅಂಟಿದರೆ ಅದು ಕಬ್ಬಿಣ. ಕಾದ ತಗಡಿನ ಮೇಲೆ ಒಂದು ತೊಟ್ಟು ಬಿಟ್ಟರೆ ನೀರಿರುವ ಎಣ್ಣೆ ಚಟಪಟ ಎನ್ನುತ್ತದೆ. ದೋಸೆಕಲ್ಲಿಗೆ ನೀರು ಚಿಮುಕಿಸುವ ನಮಗೆ ಆ ಸದ್ದು ಹೊಸದಲ್ಲ.

ಕಣ್ಣಿಗೂ ಮಿತಿಯುಂಟು, ನಿಜ. ಎಣ್ಣೆಯಲ್ಲಿ ಹುಟ್ಟಿದ ಆಮ್ಲ, ಅತಿ ಸಣ್ಣ ಲೋಹದ ಕಣ ಕಣ್ಣಿಗೆ ಕಾಣವು. ಅದಕ್ಕೆ ಪ್ರಯೋಗಾಲಯವೇ ಬೇಕು. ನಮ್ಮ ಬಾಣಲೆಗೂ 2018ರ ಜುಲೈ 1ರಿಂದ ನಿಯಮವಿದೆ: ಎಣ್ಣೆಯಲ್ಲಿ ಪೋಲಾರ್ ಸಂಯುಕ್ತಗಳು ಶೇಕಡಾ 25 ಮೀರಬಾರದು. ಅದನ್ನು ಅಳೆಯುವುದಕ್ಕೆ ಉಪಕರಣವೇ ಬೇಕು. ಆದರೆ ಅಳೆಯಬೇಕೆಂಬ ಸಂಶಯ ಮೊದಲು ಬರುವುದು ಯಾರಿಗೆ? ಎಣ್ಣೆಯ ಹತ್ತಿರ ನಿಂತವನಿಗೆ. ಅವನ ಮಾತು ಯಾರು ಕೇಳುತ್ತಾರೆ?

ಹಿಂದೆ ನಾವು ದುಡಿಯುತ್ತಿದ್ದ ಒಂದು ಹೋಟೆಲಿನಲ್ಲಿ, ಬೋಂಡಾದ ಎಣ್ಣೆ ಕೆಟ್ಟಿದೆಯೆಂದು ಗಲ್ಲಾದವರಿಗೆ ಹೇಳಿದ್ದಕ್ಕೆ "ನಿನ್ನ ಕೆಲಸ ನೀನು ನೋಡಿಕೊ" ಎಂಬ ಉತ್ತರ ಬಂದಿತ್ತು. ಅದೇ ನಮ್ಮ ಕೆಲಸವಾಗಿತ್ತು!

ಆದ್ದರಿಂದ ನಾವು ಕೇಳುವುದಿಷ್ಟು. ದೋಣಿಯಾಗಲಿ, ಗಿರಣಿಯಾಗಲಿ, ಅಡುಗೆಮನೆಯಾಗಲಿ, ಎಣ್ಣೆ ಸರಿಯಿಲ್ಲವೆಂದು ಕೆಲಸಗಾರ ಹೇಳಿದರೆ ಅದನ್ನು ದಿನಾಂಕದೊಡನೆ ಪುಸ್ತಕದಲ್ಲಿ ಬರೆಯಬೇಕು. ಪರೀಕ್ಷೆ ಮಾಡಿಸಿ ಫಲವನ್ನು ಅವನಿಗೂ ತಿಳಿಸಬೇಕು. ಹೇಳಿದ ತಪ್ಪಿಗೆ ಕೂಲಿ ಮುರಿಯಬಾರದು.

ಕೆಲಸಗಾರನ ಅಂದಾಜು ತಪ್ಪಾದರೆ ಎಂದು ಮಾಲೀಕರು ಕೇಳಬಹುದು. ತಪ್ಪಬಹುದು. ನಾವೇ ತಪ್ಪಿದೆವು, ಕಪ್ಪು ಸೀಸೆ ತೋರಿಸಿದೆವು. ಕಾಸಿಮೇಡಿನ ಆ ಕೆಲಸಗಾರರು ನಮ್ಮನ್ನು ಗದರಲಿಲ್ಲ, ಕಲಿಸಿದರು. ಮಾಲೀಕರಿಂದ ನಾವು ಬಯಸುವುದೂ ಅಷ್ಟೇ.